ಬಿಟ್‌ನಗರದ ಕೊನೆಯ ರಿಪೇರಿ

೨೦೧೩ರಲ್ಲಿ ನಾನು ನವಿ ಮುಂಬಯಿಯ ಮಹಾಪೆಯಲ್ಲಿ, ಮೊಬೈಲ್ ಗೇಮ್ ತಯಾರಿಸುವ ಒಂದು ಸಣ್ಣ ಕಂಪನಿಯಲ್ಲಿ ಟೆಸ್ಟ್ ಲೀಡ್ ಆಗಿದ್ದೆ. ಹೆಸರು ಕೇಳಿ ದೊಡ್ಡ ಹುದ್ದೆ ಎಂದುಕೊಳ್ಳಬೇಡಿ. ನನ್ನ ಕೈಕೆಳಗೆ ಮೂವರು ಹುಡುಗಿಯರು, ಕಿಟಕಿಯ ಪಕ್ಕ ಒಂದು ಉದ್ದನೆಯ ಮೇಜು, ಮೇಜಿನ ಮೇಲೆ ಬಗೆಬಗೆಯ ಕಂಪನಿಗಳ ಮೊಬೈಲುಗಳು. ಹುಡುಗಿಯರು ನನಗಿಂತ ಬಹಳ ಚಿಕ್ಕವರು. ನನಗೆ ಆಗಲೇ ಕನ್ನಡಕ ಬಂದಿತ್ತು. ಮನೆ ಠಾಕುರ್ಲಿಯಲ್ಲಿ. ಬೆಳಿಗ್ಗೆ ನಾನು ಠಾಣೆಯ ಕಡೆಯ ಸ್ಲೋ ಗಾಡಿ ಹಿಡಿದರೆ, ಕಲ್ಯಾಣದಲ್ಲಿ ಹೋಟೆಲ್ ಮ್ಯಾನೇಜರಾಗಿದ್ದ ನಮ್ಮವರು ಎದುರು ಪ್ಲಾಟ್‌ಫಾರ್ಮಿನಲ್ಲಿ ನಿಲ್ಲುತ್ತಿದ್ದರು. ಠಾಣೆಯಲ್ಲಿ ಇಳಿದು, ಪನವೇಲ್ ಕಡೆಯ ಗಾಡಿ ಹತ್ತಿ, ಘಣಸೋಲಿಯಿಂದ ಶೇರ್ ರಿಕ್ಷಾದಲ್ಲಿ ಆಫೀಸು. ಲೇಡೀಸ್ ಡಬ್ಬಿಯಲ್ಲಿ ಗುರುತಾದ ಹೆಂಗಸರಿಗೆಲ್ಲ ನನ್ನ ಕೆಲಸವೆಂದರೆ ತಮಾಷೆ. ಗೋರಿಕಾಯಿಯ ನಾರು ತೆಗೆಯುತ್ತ ಒಬ್ಬರು ಹೇಳುತ್ತಿದ್ದರು: "ನಿನಗೆ ಎಂತ ಮಾರಾಯ್ತಿ, ಆಡ್ಲಿಕ್ಕೇ ಸಂಬಳ!"

ಆಡುವುದೂ ಪರೀಕ್ಷಿಸುವುದೂ ಒಂದೇ ಅಲ್ಲ ಎಂದು ಅವರಿಗೆ ವಿವರಿಸಲು ನಾನು ಹೋಗಲಿಲ್ಲ. ಇಲ್ಲಿ ಸ್ವಲ್ಪ ವಿವರಿಸುತ್ತೇನೆ. ಗೇಮಿನಲ್ಲಿ ತಪ್ಪು ಕಂಡರೆ ಅದಕ್ಕೆ ಬಗ್ ಎನ್ನುತ್ತಾರೆ. ಪ್ರತಿ ಬಗ್ಗಿಗೂ ಕಂಪ್ಯೂಟರಿನಲ್ಲಿ ಒಂದು ವರದಿ ಬರೆಯಬೇಕು. ಏನು ಮಾಡಿದಾಗ ಹೀಗಾಯಿತು, ಹೇಗಿರಬೇಕಿತ್ತು, ಹೇಗಿದೆ, ಎಷ್ಟು ಗಂಭೀರ ಎಂದು ಅದರಲ್ಲಿ ಖಾನೆಗಳಿರುತ್ತವೆ. ಪ್ರೋಗ್ರಾಮರು ಸರಿಪಡಿಸಿದ ಮೇಲೆ ಪರೀಕ್ಷಕರು ಅದೇ ಜಾಗಕ್ಕೆ ಹೋಗಿ, ಕಣ್ಣಾರೆ ನೋಡಿ, 'ಕ್ಲೋಸ್ಡ್' ಎಂದು ಒತ್ತಬೇಕು. ಅಲ್ಲಿಗೆ ಆ ಬಗ್ಗಿನ ಋಣ ತೀರಿತು. ಈ ಕಂಪನಿಗೆ ಬರುವ ಮೊದಲು ನಾನು ಬ್ಯಾಂಕ್ ಸಾಫ್ಟ್‌ವೇರ್ ಪರೀಕ್ಷಿಸುತ್ತಿದ್ದವಳು. ಅಲ್ಲಿ 'ಹೇಗಿರಬೇಕಿತ್ತು' ಎನ್ನುವ ಖಾನೆ ತುಂಬಲು ತಲೆ ಕೆಡಿಸಿಕೊಳ್ಳಬೇಕಿಲ್ಲ. ಬಡ್ಡಿ ಇಷ್ಟಿರಬೇಕು, ಅಷ್ಟಿಲ್ಲ. ಮುಗಿಯಿತು.

ಬಿಟ್‌ನಗರ ಎನ್ನುವ ಆಟ ನನ್ನ ಆ ನೆಮ್ಮದಿ ಕೆಡಿಸಿತು. ಅದರ ಮೊದಲ ಭಾಗ ಬಂದದ್ದು ಗುಂಡಿ ಒತ್ತುವ ಹಳೇ ಮೊಬೈಲುಗಳ ಕಾಲದಲ್ಲಿ. ಕಂಪ್ಯೂಟರಿನ ಒಳಗೊಂದು ಡಿಜಿಟಲ್ ಊರು. ಆ ಊರಿನಲ್ಲಿ ದಿನವೂ ಏನಾದರೊಂದು ಎಡವಟ್ಟು. ಮಳೆ ನೆಲದಿಂದ ಮೇಲಕ್ಕೆ ಸುರಿಯುತ್ತದೆ. ಅಂಗಡಿಯವ ನೀವು ದುಡ್ಡು ಕೊಡುವ ಮೊದಲೇ ಚಿಲ್ಲರೆ ವಾಪಸ್ ಕೊಡುತ್ತಾನೆ. ಇಂಥ ಎಡವಟ್ಟಿಗೆ ಆ ಲೋಕದ ಮಾತಿನಲ್ಲಿ ಗ್ಲಿಚ್ ಎನ್ನುತ್ತಾರೆ. ಆಟಗಾರ ಒಬ್ಬ ಮಿಸ್ತ್ರಿ. ಕೈಯಲ್ಲಿ ಒಂದು ಸ್ಪ್ಯಾನರ್ ಹಿಡಿದು ಬೀದಿ ಬೀದಿ ಅಲೆದು, ಎಲ್ಲಿ ಏನು ಕೆಟ್ಟಿದೆ ಎಂದು ಕಂಡುಹಿಡಿದು ರಿಪೇರಿ ಮಾಡಬೇಕು. ಅಷ್ಟೇ ಆಟ.

ಇದನ್ನು ಕಲ್ಪಿಸಿದವನು ಹರೀಶ. ತಂದೆತಾಯಿ ಮುಲ್ಕಿ ಕಡೆಯವರು, ಇವನು ಹುಟ್ಟಿ ಬೆಳೆದದ್ದು ದಿವಾದಲ್ಲಿ. ನಾನು ಕನ್ನಡದಲ್ಲಿ ಕೇಳಿದರೆ ಪೂರ್ತಿ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಹಿಂದಿಯಲ್ಲಿ. ಆದರೆ 'ಅಕ್ಕ' ಎನ್ನುವುದನ್ನು ಬಿಡುತ್ತಿರಲಿಲ್ಲ. ನಾನು ಸೇರಿದ ಮೊದಲ ವಾರ ಮೇಲಕ್ಕೆ ಸುರಿಯುವ ಮಳೆಯನ್ನು ಅತಿ ಗಂಭೀರ ಬಗ್ ಎಂದು ಬರೆದಿದ್ದೆ. ಅವನು ನನ್ನ ಮೇಜಿನ ಹತ್ತಿರ ಬಂದು ತಲೆ ಕೆರೆದುಕೊಂಡು ನಿಂತ.

"ಅಕ್ಕ, ಯೇ ಬಗ್ ನಹೀ ಹೈ. ಯಹೀ ತೋ ಗೇಮ್ ಹೈ." ಇದು ಬಗ್ ಅಲ್ಲ, ಇದೇ ಆಟ ಎಂದು.

"ಅದು ನಿನಗೆ ಗೊತ್ತು. ನನಗೆ ಹೇಗೆ ಗೊತ್ತಾಗಬೇಕು ಮಾರಾಯ? ನಾಳೆ ನಿಜವಾಗಿಯೂ ಏನೋ ಕೆಟ್ಟು ಹೋದ್ರೆ, ಅದನ್ನೂ ನಿನ್ನ ಆಟ ಅಂತ ಬಿಟ್ಟುಬಿಡುವುದಾ?"

ಅವನು ತನ್ನ ಮೇಜಿಗೆ ಮರಳಿದ. ಆ ರಾತ್ರಿ ಅಡಿಗೆ ಮಾಡುವಾಗ ಪಕ್ಕದ ಮನೆಯ ಕೂಸನ್ನು ಅದರ ತಾಯಿ ಎತ್ತಿಕೊಂಡು ಬಂದಿದ್ದಳು. ಪೌಡರ್ ಹಚ್ಚಿ, ಕೆನ್ನೆಗೆ ಕಾಡಿಗೆಯ ಬೊಟ್ಟು ಇಟ್ಟಿದ್ದಳು. ದೃಷ್ಟಿಬೊಟ್ಟು ಅಂದರೆ ಬೇಕೆಂದೇ ಇಟ್ಟ ಕಲೆ. ಅದನ್ನು ಕೊಳೆ ಎಂದು ಯಾರೂ ಒರೆಸುವುದಿಲ್ಲ. ಮರುದಿನ ಹರೀಶನಿಗೆ ಹೇಳಿದೆ: ನಿನ್ನ ಗ್ಲಿಚ್ ಎಲ್ಲೆಲ್ಲಿ ಇದೆಯೋ ಅಲ್ಲಿ ಒಂದೊಂದು ಕಪ್ಪು ಬೊಟ್ಟು ಇಡು. ಪರೀಕ್ಷೆಗೆ ಕೊಡುವ ಪ್ರತಿಯಲ್ಲಿ ಬೊಟ್ಟು ಕಾಣಬೇಕು, ಜನರಿಗೆ ಹೋಗುವ ಪ್ರತಿಯಲ್ಲಿ ಕಾಣಬಾರದು. ಬೊಟ್ಟು ಇದ್ದ ಎಡವಟ್ಟು ನಿನ್ನದು, ಬೊಟ್ಟಿಲ್ಲದ್ದು ನನ್ನದು.

ಅವನು ಕುಣಿದಾಡಿಬಿಟ್ಟ. ಆಫೀಸಿನಲ್ಲಿ ಎಲ್ಲರೂ, ಮರಾಠಿಯವರೂ ಕೂಡ, ಅದನ್ನು 'ಬೊಟ್ಟು' ಎಂದೇ ಕರೆಯತೊಡಗಿದರು. "ಬೊಟ್ಟು ಆಹೇ ಕಾ?" ಎಂದು ಹುಡುಗಿಯರು ಒಬ್ಬರಿಗೊಬ್ಬರು ಕೇಳುವುದು, "ಆಹೇ, ಆಹೇ, ಸೋಡ್", ಇದೆ ಇದೆ, ಬಿಡು, ಎನ್ನುವುದು. ಮೊದಲ ಬಿಟ್‌ನಗರ ಹಾಗೆ ಪರೀಕ್ಷೆಯಾಗಿ ಹೊರಗೆ ಹೋಯಿತು. ನಾವ್ಯಾರೂ ಎಣಿಸದಷ್ಟು ಜನ ಅದನ್ನು ಆಡಿದರು. ಒಮ್ಮೆ ಸಂಜೆಯ ಗಾಡಿಯಲ್ಲಿ ನನ್ನ ಎದುರು ನಿಂತ ಕಾಲೇಜು ಹುಡುಗಿ ಅದನ್ನು ಆಡುತ್ತಿದ್ದದ್ದು ನೋಡಿ, ನನ್ನ ಸ್ಟೇಷನ್ ದಾಟಿದರೂ ಇಳಿಯದೆ ಕಲ್ಯಾಣದ ತನಕ ಹೋಗಿದ್ದೆ.

ಎರಡನೇ ಭಾಗ ಮಾಡುವ ಮಾತು ಬಂದದ್ದು ಟಚ್ ಸ್ಕ್ರೀನ್ ಫೋನುಗಳು ಬಂದ ಮೇಲೆ. ಹೊರದೇಶದ ಒಂದು ಪ್ರಕಾಶನ ಸಂಸ್ಥೆ ಅದನ್ನು ಜಗತ್ತಿಗೆಲ್ಲ ಬಿಡುಗಡೆ ಮಾಡಲು ಒಪ್ಪಿತು. ನಮ್ಮ ಕಂಪನಿ ಅಲ್ಲಿಯವರೆಗೆ ಹೆಚ್ಚಾಗಿ ಬೇರೆಯವರ ಆಟಗಳಿಗೆ ಚೂರುಪಾರು ಕೆಲಸ ಮಾಡಿಕೊಂಡು ಬದುಕಿತ್ತು. ಇದು ಗೆದ್ದರೆ ನಮ್ಮದೇ ಆಟ, ನಮ್ಮದೇ ಹೆಸರು. ಪ್ರಾಜೆಕ್ಟ್ ಮ್ಯಾನೇಜರ್ ದೇಶಪಾಂಡೆ ಸರ್ ಠಾಣೆಯವರು, ಒಳ್ಳೆಯ ಮನುಷ್ಯ, ಹೆದರಿಕೆಯ ಸ್ವಭಾವ. ಅವರು ಆಫೀಸಿನಲ್ಲಿ ಪೇಢೆ ಹಂಚಿ, "ಹರೀಶ, ಆತಾ ತುಝಾ ಗಾವ್ ಮೋಠಾ ಹೋಣಾರ್" ಎಂದರು. ನಿನ್ನ ಊರು ಇನ್ನು ದೊಡ್ಡದಾಗುತ್ತದೆ ಎಂದು.

ಹರೀಶ ಅದಕ್ಕಾಗಿ ಎರಡು ಮಳೆಗಾಲ ಕಳೆದ. ಬೇರೆಲ್ಲೂ ಹುಡುಕಲು ಹೋಗಲಿಲ್ಲ. ನಾವು ದಿನವೂ ಓಡಾಡುವ ದಾರಿಯನ್ನೇ ತಂದು ಅದರೊಳಗಿಟ್ಟ. ಹತ್ತಿ ಇಳಿದರೆ ಮತ್ತೆ ಅದೇ ಪ್ಲಾಟ್‌ಫಾರ್ಮಿಗೆ ತಂದುಬಿಡುವ ಸ್ಟೇಷನ್ ಸೇತುವೆ. ನಿನ್ನೆಯ ಗಾಡಿಯ ಸಮಯ ತೋರಿಸುವ ಇಂಡಿಕೇಟರ್. ಮನೆಗಳೆಲ್ಲ ಒಂದರ ಬಾಗಿಲು ಒಂದಕ್ಕೆ ಅದಲುಬದಲಾದ ಚಾಳು, ಅಲ್ಲಿ ಅಡಿಗೆಮನೆಗೆಂದು ಹೋದವರು ಪಕ್ಕದವರ ಪೂಜೆಗೆ ಹಾಜರಾಗುತ್ತಾರೆ. ಚಹಾದವನನ್ನು ಬಿಟ್ಟು ಅವನ ನೆರಳೊಂದೇ ಕೆಲಸಕ್ಕೆ ಹೋಗುತ್ತದೆ. ಪ್ರತಿಯೊಂದರ ರಿಪೇರಿಗೂ ಒಂದು ಯುಕ್ತಿ. ಆ ನೆರಳನ್ನು ಹಿಡಿಯಲು ಊರಿನ ದೀಪ ಆರಿಸಬೇಕೆಂದು ನನ್ನ ಹುಡುಗಿಯರಿಗೆ ಹೊಳೆಯುವಷ್ಟರಲ್ಲಿ ಟಿಫಿನ್ ತಣ್ಣಗಾಗಿತ್ತು.

ಕೊನೆಯ ಹಂತ ರೈಲ್ವೆ ಸ್ಟೇಷನ್. ಅಲ್ಲಿನ ಬೆಂಚಿನ ಮೇಲೆ, ಚೀಲ ತೊಡೆಯ ಮೇಲಿಟ್ಟುಕೊಂಡು ಒಬ್ಬ ಹೆಂಗಸು ಕೂತಿದ್ದಾಳೆ. ಗಾಡಿ ಬಂದಾಗಲೆಲ್ಲ ಎದ್ದು ಬಾಗಿಲವರೆಗೆ ಹೋಗಿ, "ಇಸ್ ಮೇ ಜಗಹ್ ಹೈ ಕ್ಯಾ?" ಎಂದು ಕೇಳುತ್ತಾಳೆ. ಇದರಲ್ಲಿ ಜಾಗ ಇದೆಯಾ? ಗಾಡಿ ಹೊರಟುಹೋಗುತ್ತದೆ. ಅವಳು ವಾಪಸ್ ಬಂದು ಕೂರುತ್ತಾಳೆ. ಮತ್ತೆ ಗಾಡಿ, ಮತ್ತೆ ಅದೇ ಪ್ರಶ್ನೆ.

ದಿವಾದಲ್ಲಿ ಬೆಳಗಿನ ಹೊತ್ತು ನಿಂತವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹಿಂದಿನ ಸ್ಟೇಷನ್ನುಗಳಲ್ಲೇ ತುಂಬಿ ತುಳುಕುವ ಗಾಡಿ ಅಲ್ಲಿಗೆ ಬರುವಾಗ ಬಾಗಿಲಲ್ಲಿ ಕಾಲಿಡಲು ಸ್ಥಳವಿರುವುದಿಲ್ಲ. ಹತ್ತಲಾಗದೆ ಗಾಡಿಯ ಮೇಲೆ ಗಾಡಿ ಬಿಡುವವರನ್ನು ಹರೀಶ ಸಣ್ಣಂದಿನಿಂದ ನೋಡಿದ್ದ.

ಆ ಹಂತ ನನ್ನಿಂದ ದಾಟಲಾಗಲಿಲ್ಲ. ಸ್ಪ್ಯಾನರಿನಿಂದ ಗಾಡಿಗೆ ಬಡಿದೆ, ಹಳಿಗೆ ಬಡಿದೆ, ಗಡಿಯಾರಕ್ಕೆ ಬಡಿದೆ. ಕೊನೆಗೆ ಸಿಟ್ಟಿನಲ್ಲಿ ಹರೀಶನನ್ನೇ ಕರೆದೆ. "ನಿನ್ನ ಈ ಹೆಂಗಸಿಗೆ ಬೊಟ್ಟು ಉಂಟು. ಆದರೆ ಇವಳು ರಿಪೇರಿ ಆಗುವುದಿಲ್ಲ."

ಅವನು ನಕ್ಕ. "ಅಕ್ಕ, ಸ್ಪ್ಯಾನರ್ ನೀಚೇ ರಖೋ ನಾ."

ಸ್ಪ್ಯಾನರ್ ಕೆಳಗಿಡಬಹುದು ಎನ್ನುವುದೇ ಆಟದಲ್ಲಿ ಅಲ್ಲಿಯವರೆಗೆ ಯಾರಿಗೂ ಹೊಳೆದಿರಲಿಲ್ಲ. ಬೆರಳನ್ನು ಅದರ ಮೇಲೆ ಒತ್ತಿ ಹಿಡಿದರೆ ಮಿಸ್ತ್ರಿ ಅದನ್ನು ನೆಲಕ್ಕಿಡುತ್ತಾನೆ. ಖಾಲಿ ಕೈಯಲ್ಲಿ ಬೆಂಚಿನ ಹತ್ತಿರ ಹೋದರೆ ಮಾತ್ರ ಕೂರಲು ಆಗುತ್ತದೆ. ನಾನು ಮಿಸ್ತ್ರಿಯನ್ನು ಕೂರಿಸಿದೆ. ಗಾಡಿ ಬಂತು. ಹೆಂಗಸು ಈ ಸಲ ಏಳಲಿಲ್ಲ. ಗಾಡಿ ಹೋಯಿತು. ಅವಳು ಚೀಲವನ್ನು ಆಚೆಗೆ ಸರಿಸಿ, ತಾನೂ ಸ್ವಲ್ಪ ಸರಿದು, ಮಿಸ್ತ್ರಿಯ ಕಡೆ ತಿರುಗಿ ಹೇಳಿದಳು: "ಯಹಾಂ ಜಗಹ್ ಹೈ. ಆರಾಮ್ ಸೇ ಬೈಠ್." ಇಲ್ಲಿ ಜಾಗ ಇದೆ. ಆಟ ಅಲ್ಲಿಗೆ ಮುಗಿಯಿತು.

ನಾನು ಕನ್ನಡಕ ತೆಗೆದು ಸೆರಗಿನಿಂದ ಒರೆಸಿಕೊಂಡೆ. "ಪಾಸ್" ಎಂದೆ. ಹರೀಶ ಹೋಗಿ ನನಗೊಂದು ಕಟಿಂಗ್ ಚಹಾ, ಅಂದರೆ ಅರ್ಧ ಗ್ಲಾಸ್, ತಂದುಕೊಟ್ಟ.

ಬಿಡುಗಡೆಗೆ ಮುಂಚೆ ಆಟ ಪ್ರಕಾಶಕರ ಪರವಾಗಿ ಕೆಲಸ ಮಾಡುವ ಹೊರಗಿನ ಪರೀಕ್ಷಾ ಕೇಂದ್ರಕ್ಕೆ ಹೋಗಬೇಕಿತ್ತು. ಒಪ್ಪಂದದಲ್ಲಿ ಎರಡು ಷರತ್ತುಗಳಿದ್ದವು. ಅವರು ಗಂಭೀರ ಎಂದು ಗುರುತಿಸಿದ ಬಗ್ ಒಂದೂ ಉಳಿಯಬಾರದು. ಆಟದಲ್ಲಿ ಬೇಕೆಂದೇ ಇಟ್ಟದ್ದು ಏನಾದರೂ ಇದ್ದರೆ ಅದರ ವಿವರವನ್ನು ಆಟದ ಜೊತೆಗೇ ಮುಂಗಡವಾಗಿ ಕಳಿಸಬೇಕು, ಆಮೇಲೆ ಹೇಳಿದರೆ ನಡೆಯುವುದಿಲ್ಲ.

ನಾವು ಆಟ ಕಳಿಸಿದೆವು. ವಿವರ ಕಳಿಸಲಿಲ್ಲ. ಈಗ ಹೇಳಿದರೆ ಯಾರೂ ನಂಬುವುದಿಲ್ಲ, ಆದರೆ ಇಡೀ ಆಫೀಸಿನಲ್ಲಿ ಒಬ್ಬರಿಗೂ ಅದು ನೆನಪಾಗಲಿಲ್ಲ. ವರ್ಷಗಳಿಂದ ನಮ್ಮ ಕಣ್ಣಿಗೆ ಬೊಟ್ಟು ಕಂಡು ಕಂಡು, ಅದು ಎಲ್ಲರಿಗೂ ಕಾಣುತ್ತದೆ ಎನ್ನುವ ಹಾಗೆ ಆಗಿತ್ತು. ಕಳಿಸಿದ್ದು ಜನರಿಗೆ ಹೋಗುವ ಪ್ರತಿ. ಅದರಲ್ಲಿ ಬೊಟ್ಟು ಇರಲಿಲ್ಲ.

ವರದಿ ಬಂದ ದಿನ ಮಳೆಗೆ ಗಾಡಿಗಳೆಲ್ಲ ತಡ. ನಾನು ಒದ್ದೆ ಕೊಡೆ ಹಿಡಿದು ಒಳಗೆ ಬಂದಾಗ ಎಲ್ಲರೂ ದೇಶಪಾಂಡೆ ಸರ್ ಮೇಜಿನ ಸುತ್ತ ನಿಂತಿದ್ದರು. ಪರದೆಯ ಮೇಲೆ ಬಗ್ಗುಗಳ ಪಟ್ಟಿ, ಸರಿಸಿದಷ್ಟೂ ಮುಗಿಯುತ್ತಿರಲಿಲ್ಲ. ಸ್ಟೇಷನ್ ಸೇತುವೆ ಅದೇ ಪ್ಲಾಟ್‌ಫಾರ್ಮಿಗೆ ಇಳಿಯುತ್ತದೆ: ಗಂಭೀರ. ಇಂಡಿಕೇಟರ್ ತಪ್ಪು ದಿನ ತೋರಿಸುತ್ತದೆ: ಗಂಭೀರ. ನೆರಳು ಪಾತ್ರದಿಂದ ಬೇರ್ಪಟ್ಟಿದೆ: ಗಂಭೀರ. ಹರೀಶ ಎರಡು ಮಳೆಗಾಲದಲ್ಲಿ ಮಾಡಿದ್ದೆಲ್ಲ ಅಲ್ಲಿತ್ತು. ಅಚ್ಚುಕಟ್ಟಾದ ವರದಿ. 'ಹೇಗಿರಬೇಕಿತ್ತು' ಎನ್ನುವ ಖಾನೆಯನ್ನು ಪ್ರತಿಯೊಂದಕ್ಕೂ ತಪ್ಪದೆ ತುಂಬಿದ್ದರು.

ಮೊದಲು ನಾವೆಲ್ಲ ನಕ್ಕೆವು. ಫೋನಿನಲ್ಲಿ ಹೇಳಿದರೆ ಮುಗಿಯುತ್ತದೆ ಎಂದುಕೊಂಡೆವು. ಆ ಕೇಂದ್ರದ ಮುಖ್ಯಸ್ಥೆ ಒಬ್ಬ ಹೆಂಗಸು, ದನಿ ಕೇಳಿದರೆ ನನ್ನದೇ ವಯಸ್ಸಿರಬೇಕು. ಬಹಳ ಸೌಮ್ಯವಾಗಿ ಮಾತಾಡಿದಳು. ಅವರಲ್ಲಿ ಒಬ್ಬೊಬ್ಬ ಪರೀಕ್ಷಕನಿಗೆ ಒಂದೊಂದು ಬೀದಿ ಹಂಚುತ್ತಾರಂತೆ. ಆಟದ ಮೊದಲಿಗೆ ಬರುವ ಕಥೆಯನ್ನು ಯಾರೂ ನೋಡಿರಲಿಲ್ಲ. ಮಾತು ಇಂಗ್ಲಿಷಿನಲ್ಲಿ ನಡೆಯಿತು. ಅವಳು ಕೇಳಿದಳು: "ಸೇತುವೆ ಹತ್ತಿ ಇಳಿದರೆ ಮತ್ತೆ ಅದೇ ಪ್ಲಾಟ್‌ಫಾರ್ಮ್ ಬರುತ್ತದೆ. ಇದು ಸರಿಯೆ?"

ದೇಶಪಾಂಡೆ ಸರ್ ಬೆವರು ಒರೆಸಿಕೊಂಡರು. "ಸರಿಯಲ್ಲ. ಸರಿಯಲ್ಲದ್ದಕ್ಕೇ ಆಟಗಾರ ಅದನ್ನು ರಿಪೇರಿ ಮಾಡಬೇಕು."

"ಅಂದರೆ ಸರಿಯಲ್ಲ ಎಂದು ನೀವೂ ಒಪ್ಪುತ್ತೀರಿ. ಥ್ಯಾಂಕ್ ಯೂ. ಮುಂದಿನದು..."

ಅವಳ ಮೇಲೆ ನನಗೆ ಸಿಟ್ಟು ಬರಲಿಲ್ಲ. ಮುಂಗಡ ವಿವರ ಇಲ್ಲದೆ, ಬೊಟ್ಟಿಲ್ಲದ ಆ ಊರು ನನ್ನ ಮೇಜಿಗೆ ಬಂದಿದ್ದರೆ ನಾನೂ ಹಾಗೆಯೇ ಬರೆಯುತ್ತಿದ್ದೆ. ನನ್ನ ಮೊದಲ ವಾರದಲ್ಲಿ ಬರೆದೂ ಇದ್ದೆ. ವ್ಯತ್ಯಾಸ ಒಂದೇ. ನನ್ನ ಮೇಜಿನ ಹತ್ತಿರ ಹರೀಶ ನಡೆದು ಬರಬಹುದಿತ್ತು. ಅವಳ ಮೇಜು ಸಮುದ್ರದ ಆಚೆಗಿತ್ತು.

ಪ್ರಕಾಶಕರ ಕಡೆ ನಮ್ಮ ಮೊದಲ ಆಟವನ್ನು ಮೆಚ್ಚಿ ಒಪ್ಪಂದ ಮಾಡಿಕೊಂಡಿದ್ದವರು ಅಷ್ಟರಲ್ಲಿ ಕೆಲಸ ಬಿಟ್ಟಿದ್ದರು. ಅವರ ಜಾಗಕ್ಕೆ ಬಂದವರಿಗೆ ನಮ್ಮದು ಹತ್ತಾರು ಆಟಗಳಲ್ಲಿ ಒಂದು. ಷರತ್ತು ಷರತ್ತೇ ಎಂದರು. ಹಬ್ಬದ ಹೊತ್ತಿನ ಬಿಡುಗಡೆ ತಪ್ಪಿದರೆ ಒಪ್ಪಂದ ರದ್ದು. ದೇಶಪಾಂಡೆ ಸರ್ ಬೇಡಿದರು, ಮತ್ತೆ ಮತ್ತೆ ಪತ್ರ ಬರೆದರು. ಕೊನೆಗೆ ಒಂದು ಬೆಳಿಗ್ಗೆ ಎಲ್ಲರನ್ನೂ ಕರೆದು, ಯಾರ ಮುಖವನ್ನೂ ನೋಡದೆ ಹೇಳಿದರು: "ಫಿಕ್ಸ್ ಇಟ್. ಎಲ್ಲಾ."

ಹರೀಶನಿಗೆ ಅರ್ಥವಾಗಲಿಲ್ಲವೋ, ಅರ್ಥವಾಗಬಾರದು ಎಂದುಕೊಂಡನೋ. "ಸರ್, ಸಬ್ ಠೀಕ್ ಕರ್ ದಿಯಾ ತೋ ಪ್ಲೇಯರ್ ಕ್ಯಾ ಕರೇಗಾ?" ಎಲ್ಲ ಸರಿಪಡಿಸಿದರೆ ಆಡುವವನು ಮಾಡುವುದೇನು ಎಂದು.

"ನಾಣ್ಯ ಹಾಕೋಣ. ಬೀದಿ ತುಂಬ ಚಿನ್ನದ ನಾಣ್ಯ. ಆಟಗಾರ ಓಡಾಡಿ ಹೆಕ್ಕಲಿ. ಎಲ್ಲಾ ಗೇಮಿನಲ್ಲೂ ಇರುತ್ತಲ್ಲ."

"ಔರ್ ಸ್ಪ್ಯಾನರ್?"

"ರಿಪೇರಿ ಇಲ್ಲದ ಊರಿನಲ್ಲಿ ಸ್ಪ್ಯಾನರ್ ಯಾಕೆ? ತೆಗೆದುಬಿಡು."

ಆ ಸಂಜೆ ನಮ್ಮವರು ಮನೆಗೆ ಬಂದಾಗ ನಾನು ಕುಕ್ಕರ್ ಇಡುವುದನ್ನೂ ಮರೆತು ಕೂತಿದ್ದೆ. ವಿಷಯ ಕೇಳಿ ಅವರು ಅಂಗಿಯ ಗುಂಡಿ ಬಿಚ್ಚುತ್ತ ಹೇಳಿದರು: "ಇದು ಹೇಗಾಯ್ತು ಗೊತ್ತುಂಟಾ? ನೀರುದೋಸೆಯಲ್ಲಿ ತೂತು ಉಂಟು ಅಂತ ಗಿರಾಕಿ ವಾಪಸ್ ಕಳಿಸಿದ. ನಾವು ತೂತು ಮುಚ್ಚಿ ಕೊಟ್ಟೆವು. ಆಗ ಅವ, 'ಇದೆಂಥ ನೀರುದೋಸೆ?' ಅಂತ ಕೇಳಿದ." ನನಗೆ ನಗು ಬಂತು. ಆಮೇಲೆ ಅಕ್ಕಿ ತೊಳೆಯುವಾಗ ಅಳು ಬಂತು. ಅವರು ಪಕ್ಕದಲ್ಲೇ ನಿಂತು ಈರುಳ್ಳಿ ಹೆಚ್ಚಿಕೊಟ್ಟರು. ಹೋಟೆಲಿನಲ್ಲಿ ದಿನವಿಡೀ ನಿಂತು ಬಂದ ಮನುಷ್ಯ.

ಮುಂದಿನ ವಾರಗಳ ಬಗ್ಗೆ ಹೆಚ್ಚು ಬರೆಯಲು ಮನಸ್ಸಿಲ್ಲ, ಆದರೆ ನನ್ನ ಕೆಲಸ ಇದ್ದದ್ದೇ ಅಲ್ಲಿ. ಹರೀಶನೇ ಕೂತು ಒಂದೊಂದನ್ನೇ ಸರಿಪಡಿಸಬೇಕಿತ್ತು, ಯಾಕೆಂದರೆ ಎಲ್ಲಿ ಏನಿದೆ ಎಂದು ಗೊತ್ತಿದ್ದವನು ಅವನೊಬ್ಬನೇ. ಅವನು ಸರಿಪಡಿಸಿದ್ದನ್ನು ನಾನು ಹೋಗಿ ನೋಡಿ ಕ್ಲೋಸ್ ಮಾಡಬೇಕು. ಸೇತುವೆ ಹತ್ತಿದೆ, ಆಚೆಯ ಪ್ಲಾಟ್‌ಫಾರ್ಮಿಗೆ ಇಳಿದೆ. ಕ್ಲೋಸ್ಡ್. ಚಾಳಿನಲ್ಲಿ ಬಾಗಿಲು ತೆರೆದೆ, ಅವರವರ ಮನೆಯಲ್ಲಿ ಅವರವರೇ ಇದ್ದರು. ಕ್ಲೋಸ್ಡ್. ಚಹಾದವನ ನೆರಳು ಅವನ ಕಾಲ ಬುಡದಲ್ಲೇ ಬಿದ್ದಿತ್ತು. ಕ್ಲೋಸ್ಡ್. ಮಳೆ ಮೇಲಿಂದ ಕೆಳಕ್ಕೆ ಬಂತು. ಕಣ್ಣಿಗೆ ಎಲ್ಲವೂ ಚೆಂದ. ಎಲ್ಲೂ ಏನೂ ಕೆಟ್ಟಿರಲಿಲ್ಲ. ಆ ಊರಿನಲ್ಲಿ ಮಿಸ್ತ್ರಿಯನ್ನು ತಿರುಗಿ ನೋಡುವವರು ಯಾರೂ ಇರಲಿಲ್ಲ. ಮೊದಲು ದಾರಿಯಲ್ಲಿ ನಿಲ್ಲಿಸಿ, "ಅರೇ ಮಿಸ್ತ್ರಿ, ಸ್ವಲ್ಪ ನೋಡು ಬಾ" ಎನ್ನುತ್ತಿದ್ದವರೆಲ್ಲ ಸುಮ್ಮನೆ ತಮ್ಮ ಪಾಡಿಗೆ ನಡೆಯುತ್ತಿದ್ದರು. ಪರೀಕ್ಷೆಯ ಪ್ರತಿಯಲ್ಲಿ ಬೊಟ್ಟುಗಳು ಒಂದೊಂದಾಗಿ ಅಳಿದವು. ಹುಡುಗಿಯರು ಒಬ್ಬರಿಗೊಬ್ಬರು ಕೇಳುವುದನ್ನೇ ನಿಲ್ಲಿಸಿದರು.

ಕೊನೆಗೆ ಒಂದೇ ಬೊಟ್ಟು ಉಳಿಯಿತು. ಸ್ಟೇಷನ್ನಿನ ಹೆಂಗಸು. ಪಾತ್ರಗಳು ಒಂದೇ ಮಾತನ್ನು ಮತ್ತೆ ಮತ್ತೆ ಹೇಳುವುದು ಎಲ್ಲ ಆಟಗಳಲ್ಲೂ ಸಾಮಾನ್ಯ. ಹಾಗಾಗಿ ಪರೀಕ್ಷಾ ಕೇಂದ್ರದವರು ಅವಳನ್ನು ಬಗ್ ಎಂದು ಬರೆದೇ ಇರಲಿಲ್ಲ. ಹರೀಶ ನನ್ನ ಮೇಜಿಗೆ ಬಂದು ಮೆಲ್ಲಗೆ ಹೇಳಿದ, ಅಪರೂಪಕ್ಕೆ ಕನ್ನಡದಲ್ಲಿ: "ಅಕ್ಕ, ಇವಳೊಬ್ಬಳು ಉಳಿದಳು."

"ಉಳಿಯಲಿ" ಎಂದೆ. ದೇಶಪಾಂಡೆ ಸರ್ ಕೂಡ ನೋಡಿ, ಪಟ್ಟಿಯಲ್ಲಿ ಇಲ್ಲವಲ್ಲ, ಇರಲಿ ಎಂದರು. ಪರೀಕ್ಷಾ ಕೇಂದ್ರ ತನ್ನ ಪಟ್ಟಿಯಲ್ಲಿದ್ದದ್ದನ್ನಷ್ಟೇ ಮತ್ತೆ ನೋಡಿ, ಎಲ್ಲ ಸರಿಯಿದೆ ಎಂದು ಒಪ್ಪಿಗೆ ಕೊಟ್ಟಿತು. ಪಟ್ಟಿಯಲ್ಲಿಲ್ಲದ ಆ ಹಂತವನ್ನು ನಾವೂ ಮತ್ತೆ ಆಡಿ ನೋಡಲಿಲ್ಲ. ದೀಪಾವಳಿಯ ಹೊತ್ತಿಗೆ ಬಿಟ್‌ನಗರ ಎರಡು ಬಿಡುಗಡೆಯಾಯಿತು. ಈ ಸಲ ಪೇಢೆ ಹಂಚಲಿಲ್ಲ.

ಜನ ಬರೆದ ಅಭಿಪ್ರಾಯಗಳನ್ನು ಓದುವುದೂ ನನ್ನ ಕೆಲಸದ ಭಾಗ. 'ಮೊದಲ ಆಟದಲ್ಲಿ ರಿಪೇರಿ ಇತ್ತು, ಇದರಲ್ಲಿ ಏನಿದೆ?' 'ನಾಣ್ಯ ಹೆಕ್ಕುವುದಕ್ಕೆ ಬಿಟ್‌ನಗರ ಯಾಕೆ?' ಒಬ್ಬರು ಬರೆದಿದ್ದರು: 'ಎಲ್ಲಿ ಗ್ಲಿಚ್ ಬರುತ್ತದೆ ಎಂದು ಕೊನೆಯವರೆಗೂ ಕಾದೆ.' ಇವೆಲ್ಲ ಬರುತ್ತವೆಂದು ನಮಗೆ ಗೊತ್ತಿತ್ತು. ಗೊತ್ತಿಲ್ಲದ್ದು ಇನ್ನೊಂದಿತ್ತು. ಸ್ಟೇಷನ್ನಿನಲ್ಲಿ ಒಬ್ಬ ಹೆಂಗಸು ಒಂದೇ ಪ್ರಶ್ನೆ ಕೇಳುತ್ತಲೇ ಇರುತ್ತಾಳೆ, ಆಟ ಮುಗಿಯುವುದೇ ಇಲ್ಲ, ದಯವಿಟ್ಟು ಈ ಬಗ್ ಸರಿಪಡಿಸಿ ಎಂದು ಹಲವರು ಬರೆದಿದ್ದರು.

ನಾನು ಫೋನ್ ತೆಗೆದುಕೊಂಡು ಆ ಹಂತಕ್ಕೆ ಹೋದೆ. ಹೆಂಗಸು ಎದ್ದಳು, ಕೇಳಿದಳು, ಬಂದು ಕೂತಳು. ಮಿಸ್ತ್ರಿಯನ್ನು ಪಕ್ಕದಲ್ಲಿ ಕೂರಿಸಲು ನೋಡಿದೆ. ಆಗಲಿಲ್ಲ. ಸ್ಪ್ಯಾನರ್ ಕೆಳಗಿಟ್ಟರೆ ಮಾತ್ರ ಕೂರಬಹುದು ಎಂದು ಹರೀಶ ಮಾಡಿದ್ದನಲ್ಲ, ಈಗ ಮಿಸ್ತ್ರಿಯ ಕೈಯಲ್ಲಿ ಸ್ಪ್ಯಾನರೇ ಇರಲಿಲ್ಲ. ಇಲ್ಲದ್ದನ್ನು ಕೆಳಗಿಡುವುದು ಹೇಗೆ? ನಾವು ಉಳಿಸಿದೆವೆಂದುಕೊಂಡವಳನ್ನು ಆ ಪ್ಲಾಟ್‌ಫಾರ್ಮಿನಲ್ಲಿ ಕೂಡಿಹಾಕಿ ಬೀಗ ಜಡಿದಿದ್ದೆವು. ಇಡೀ ಊರಿನಲ್ಲಿ ಬಗ್ ಅಲ್ಲದ ಎಡವಟ್ಟುಗಳನ್ನೆಲ್ಲ ತೆಗೆದ ಮೇಲೆ ಉಳಿದದ್ದು ಅವಳೊಬ್ಬಳು, ಮತ್ತು ಈಗ ಅವಳು ನಿಜವಾಗಿಯೂ ಬಗ್ ಆಗಿದ್ದಳು. ಬರೆದವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ.

ಹರೀಶ ಅಷ್ಟರಲ್ಲಿ ರಾಜೀನಾಮೆ ಕೊಟ್ಟು ಹೋಗಿದ್ದ. ಬಿಡುಗಡೆಯ ದಿನ ಮಧ್ಯಾಹ್ನವೇ ಚೀಲ ಹೆಗಲಿಗೇರಿಸಿಕೊಂಡು, ನನ್ನ ಮೇಜಿನ ಮೇಲೆ ಒಂದು ಕಟಿಂಗ್ ಚಹಾ ಇಟ್ಟು ಹೋದವನು. ಪ್ರಕಾಶಕರಿಂದ ಒಂದೇ ಸಾಲಿನ ಸೂಚನೆ ಬಂತು, ಕೂಡಲೇ ಸರಿಪಡಿಸಿ ಎಂದು. ವರದಿ ಬರೆಯುವವಳು ನಾನೇ. 'ಹೇಗಿರಬೇಕಿತ್ತು' ಎನ್ನುವ ಖಾನೆಯಲ್ಲಿ ನನಗೆ ಗೊತ್ತಿದ್ದನ್ನು ಬರೆದೆ: ಮಿಸ್ತ್ರಿ ಪಕ್ಕದಲ್ಲಿ ಬಂದು ಕೂತರೆ, ಒಂದು ಗಾಡಿ ಹೋದ ಮೇಲೆ, ಆಕೆ ಸರಿದು ಅವನಿಗೆ ಜಾಗ ಕೊಡಬೇಕು.

ದೇಶಪಾಂಡೆ ಸರ್ ಓದಿದರು. "ಸುಮತಿ ಮ್ಯಾಡಂ, ಇದನ್ನು ಮಾಡಲು ಸ್ಪ್ಯಾನರ್ ವಾಪಸ್ ತರಬೇಕು. ಸ್ಪ್ಯಾನರ್ ತಂದರೆ ಇಡೀ ಆಟ ಮತ್ತೆ ಪರೀಕ್ಷೆಗೆ ಹೋಗಬೇಕು. ಯಾರು ಕಳಿಸುತ್ತಾರೆ ಈಗ?"

"ಹಾಗಾದರೆ ಏನು ಬರೆಯಲಿ ಸರ್?"

"ಗಾಡಿ ಖಾಲಿ ಬರಲಿ. ಆಕೆ ಹತ್ತಿ ಹೋಗಲಿ."

ಅವರೇ ಆ ಸಾಲನ್ನು ತಿದ್ದಿದರು, ಅವರೇ ಕೂತು ಪ್ರೋಗ್ರಾಮಿನಲ್ಲಿ ಬದಲಾಯಿಸಿದರು. ಮರುದಿನ ನಾನು ನೋಡಬೇಕಿತ್ತು. ನೋಡಿದೆ. ಗಾಡಿ ಬಂತು, ಒಳಗೆ ಒಬ್ಬರೂ ಇಲ್ಲ. ದಿವಾದಲ್ಲಿ ಹಾಗೆ ಖಾಲಿ ಗಾಡಿ ಬಂದದ್ದನ್ನು ನಾನಂತೂ ನೋಡಿಲ್ಲ. ಹೆಂಗಸು ಎದ್ದಳು, ಏನೂ ಕೇಳದೆ ಹತ್ತಿದಳು. ಗಾಡಿ ಹೋಯಿತು. ಬೆಂಚು ಖಾಲಿ. ಮಿಸ್ತ್ರಿಯನ್ನು ಅದರ ಎದುರು ಕರೆದುಕೊಂಡು ಹೋಗಿ ನಿಲ್ಲಿಸಿದೆ. ಕೂರಲು ಬರುತ್ತಿರಲಿಲ್ಲ. 'ಕ್ಲೋಸ್ಡ್' ಎಂದು ಒತ್ತಿದೆ. ಪರೀಕ್ಷೆಯ ಪ್ರತಿಯಲ್ಲಿ ಕೊನೆಯ ಬೊಟ್ಟೂ ಹೋಯಿತು.

ಆಟವನ್ನು ಪ್ರಕಾಶಕರು ಬೇಗನೆ ಮಾರುಕಟ್ಟೆಯಿಂದ ಹಿಂದಕ್ಕೆ ತೆಗೆದರು. ಕಂಪನಿ ಇನ್ನೂ ಕೆಲ ಕಾಲ ಬೇರೆಯವರ ಚೂರುಪಾರು ಕೆಲಸ ಮಾಡಿಕೊಂಡು ಜೀವ ಹಿಡಿದಿತ್ತು, ಆಮೇಲೆ ಮುಚ್ಚಿತು. ನಾನು ಮತ್ತೆ ಬ್ಯಾಂಕ್ ಸಾಫ್ಟ್‌ವೇರಿಗೆ ಮರಳಿದೆ. ಒಮ್ಮೆ ಠಾಣೆ ಸ್ಟೇಷನ್ನಿನ ಸೇತುವೆಯ ಮೇಲೆ ಹರೀಶ ಸಿಕ್ಕಿದ. ಘೋಡ್‌ಬಂದರ್ ರಸ್ತೆಯ ಬಿಲ್ಡರುಗಳಿಗೆ ಇನ್ನೂ ಕಟ್ಟದ ಕಟ್ಟಡಗಳ ವೀಡಿಯೊ ಮಾಡಿಕೊಡುವ ಕೆಲಸವಂತೆ. ಕಂಪ್ಯೂಟರಿನಲ್ಲೇ ಊರು ಕಟ್ಟುವುದು: ಸಾಲು ಮರ, ನೀಲಿ ಈಜುಕೊಳ, ಬಿಸಿಲು.

"ಚೆನ್ನಾಗುಂಟಾ ಕೆಲಸ?" ಎಂದು ಕೇಳಿದೆ.

"ಅಚ್ಛಾ ಹೈ ಅಕ್ಕ. ವಹಾಂ ಕುಛ್ ಖರಾಬ್ ಹೀ ನಹೀ ಹೋತಾ." ಅಲ್ಲಿ ಏನೂ ಕೆಡುವುದೇ ಇಲ್ಲ ಎಂದ. ನಗಲಿಲ್ಲ. ಕೆಳಗೆ ಗಾಡಿ ಬಂತು, ಜನ ನೂಕಿದರು, ಅವನು ಅದರಲ್ಲಿ ಸೇರಿಹೋದ. ಹೊಸ ಆಟ ಮಾಡುತ್ತೀಯಾ ಎಂದು ಕೇಳಬೇಕೆಂದಿದ್ದೆ. ಕೇಳದೆ ಇದ್ದದ್ದೇ ಒಳ್ಳೆಯದಾಯಿತೇನೋ.

ಈ ಕೆಲಸ ನನಗೆ ಕಲಿಸಿದ್ದನ್ನು ಹೇಳಿ ಮುಗಿಸುತ್ತೇನೆ. ಇದು ಸರಿ ಇದೆಯಾ ಎಂದು ಕೇಳುವವರು ಎಲ್ಲೆಲ್ಲೂ ಇದ್ದಾರೆ. ಅದಕ್ಕೆ ಹುದ್ದೆ ಇದೆ, ಸಂಬಳ ಇದೆ, ವರದಿಯಲ್ಲಿ ಖಾನೆ ಇದೆ. ಇದು ಹೀಗೆ ಯಾಕಿದೆ ಎಂದು ಕೇಳಲು ಮಾತ್ರ ಜಾಗ ಇರಲಿಲ್ಲ. ಬ್ಯಾಂಕಿನ ಕೆಲಸಕ್ಕೆ ಮರಳಿದ ಮೇಲೆ ನಾನು ಹಟ ಹಿಡಿದು ನಮ್ಮ ವರದಿಗೆ ಅಂಥ ಒಂದು ಖಾನೆ ಸೇರಿಸಿದೆ: 'ಇದನ್ನು ಹೀಗೆ ಇಟ್ಟಿರುವುದಕ್ಕೆ ಕಾರಣ ಇದೆಯೆ? ಇಟ್ಟವರನ್ನು ಕೇಳಿದಿರಾ?' ನಿವೃತ್ತಳಾಗುವ ದಿನದವರೆಗೂ ಅದು ಪ್ರತಿ ವರದಿಯಲ್ಲೂ ಇತ್ತು. ನನ್ನದೊಂದು ಬಿಟ್ಟರೆ, ಅದನ್ನು ತುಂಬಿ ಕಳಿಸಿದವರನ್ನು ನಾನು ಕಾಣಲಿಲ್ಲ.